ಅಣ್ಣನ ಲ.ಸಾ.ಅ.

ಕಳೆದ ಭಾನುವಾರ ಬೆಂಗಳೂರಿನಿಂದ ಚಚಡಿಗೆ ಫೋನ್ ಮಾಡಿದಾಗ ಅಣ್ಣನ ಮಗಳು ಅಳುದನಿಯಲ್ಲಿದ್ದಳು. ಈ ಸಲ ಹತ್ತನೇ ಕ್ಲಾಸು. "ಕಾಕಾ, ಗಣಿತ ನನ್ನ ತಲಿಗೇ ಹೋಗವಲ್ದು. ನಾ ಸಾಲಿ ಬಿಡ್ತೀನಿ" ಅಂದಳು. ನಮ್ಮ ಮನೆಗೆ ಈ ಮಾತು ಹೊಸದಲ್ಲ. ಅಣ್ಣನೂ ಇದೇ ಗಣಿತದಲ್ಲಿ ಫೇಲಾಗಿ ಹೊಲಕ್ಕೆ ಇಳಿದವನು.

ಲೆಕ್ಕ ಇಷ್ಟೇ: ಎರಡು ಸಂಖ್ಯೆಗಳ ಮ.ಸಾ.ಅ. 6, ಲ.ಸಾ.ಅ. 72. ಒಂದು ಸಂಖ್ಯೆ 18, ಇನ್ನೊಂದು ಯಾವುದು?

"6ನ್ನೂ 72ನ್ನೂ ಗುಣಿಸಿ 18ರಿಂದ ಭಾಗಿಸು" ಅಂದೆ.

"ಅದು ಗೊತ್ತೈತಿ, 24 ಬರ್ತದ. ಆದ್ರ ಯಾಕ ಹಂಗ?"

ನನ್ನ ಬಾಯಿ ಕಟ್ಟಿತು. ಎಂಜಿನಿಯರಿಂಗ್ ಮುಗಿಸಿದ ನಾನೂ ಅದನ್ನು ಬರೀ ಬಾಯಿಪಾಠ ಮಾಡಿದ್ದೆ!

ಹಾಳೆ ತಗೊಂಡು ಕೂತೆ. 18 ಅಂದರೆ 6×3, 24 ಅಂದರೆ 6×4. ಎರಡರಲ್ಲೂ ಇರುವ 6 ಮ.ಸಾ.ಅ. ಲ.ಸಾ.ಅ. ತೆಗೆಯುವಾಗ ಆ 6ನ್ನು ಒಂದೇ ಸಲ ತಗೋತೀವಿ: 6×3×4=72. ಆದರೆ 18×24 ಗುಣಿಸಿದರೆ 6 ಎರಡು ಸಲ ಬರುತ್ತದೆ. ಬಿಟ್ಟುಹೋದ ಆ ಇನ್ನೊಂದು 6ನ್ನು ಮ.ಸಾ.ಅ. ತುಂಬಿಕೊಡುತ್ತದೆ. ಅದಕ್ಕೇ 18×24 ಮತ್ತು 6×72 ಎರಡೂ 432.

ಎರಡೂ ಸಂಖ್ಯೆ ಗೊತ್ತಿಲ್ಲದಿದ್ದರೆ? 72ನ್ನು 6ರಿಂದ ಭಾಗಿಸಿದರೆ 12. ಗುಣಿಸಿದರೆ 12 ಆಗುವ, 1 ಬಿಟ್ಟು ಬೇರೆ ಸಾಮಾನ್ಯ ಅಪವರ್ತನ ಇಲ್ಲದ ಜೋಡಿ ಬೇಕು. 2 ಮತ್ತು 6 ನಡೆಯುವುದಿಲ್ಲ. 1 ಮತ್ತು 12, ಇಲ್ಲವೇ 3 ಮತ್ತು 4. ಅಂದರೆ ಉತ್ತರ 6, 72 ಅಥವಾ 18, 24. ಮೊತ್ತ 42 ಅಂತ ಕೊಟ್ಟಿದ್ದರೆ ಎರಡನೆಯದೇ.

ರಾಷ್ಟ್ರಕೂಟ ಅಮೋಘವರ್ಷ ನೃಪತುಂಗನ ಕಾಲದಲ್ಲಿ, ಸುಮಾರು 850ರಲ್ಲಿ, ಮಹಾವೀರಾಚಾರ್ಯ ಸಂಸ್ಕೃತದಲ್ಲಿ 'ಗಣಿತಸಾರಸಂಗ್ರಹ' ಬರೆದ. ಭಿನ್ನರಾಶಿ ಕೂಡಿಸಲು ಬೇಕಾದ ಛೇದಗಳ ಲ.ಸಾ.ಅ.ಕ್ಕೆ ಅವನು ಇಟ್ಟ ಹೆಸರು 'ನಿರುದ್ಧ'. ನಮ್ಮ ನಾಡಿನಲ್ಲಿ ಈ ಲೆಕ್ಕ ಅಷ್ಟು ಹಳೆಯದು ಅಂತ ಅವಳಿಗೆ ಹೇಳಿದೆ.

ಹಿಂದಿನಿಂದ ಅಣ್ಣನ ದನಿ ಬಂತು. "ಕಬ್ಬಿಗೆ ಎಂಟು ದಿನಕ್ಕೊಮ್ಮಿ, ಮೆಣಸಿನಗಿಡಕ್ಕ ಆರು ದಿನಕ್ಕೊಮ್ಮಿ ನೀರು ಬಿಡ್ತೀನಿ. ಇವತ್ತ ಎರಡಕ್ಕೂ ಬಿಟ್ಟೀನಿ. ಮತ್ತ ಎರಡೂ ಕೂಡೂದು ಇಪ್ಪತ್ನಾಕನೇ ದಿನ. ಇದೂ ಅದ ಏನು?"

"ಹೂಂ ಅಣ್ಣಾ, ಅದೇ ಲ.ಸಾ.ಅ."

ಅವನು ಸ್ವಲ್ಪ ಹೊತ್ತು ಮಾತಾಡಲಿಲ್ಲ. ಆಮೇಲೆ "ಹಂಗಾರ ನನಗ ಬರ್ತಿತ್ತಲ್ಲೋ" ಅಂದ.

ಮಗಳು ಸಾಲಿ ಬಿಟ್ಟಿಲ್ಲ. ಸಂಜೆ ಅಪ್ಪನ ಹತ್ತಿರವೇ ಕೂತು ಲೆಕ್ಕ ಬಿಡಿಸುತ್ತಾಳಂತೆ. ನಿಮ್ಮ ಮನೆ ಮಕ್ಕಳು "ಯಾಕೆ ಹಂಗ?" ಅಂದರೆ, ಸೂತ್ರ ಹೇಳಿ ಎದ್ದು ಹೋಗಬೇಡಿ. ಹಾಳೆ ತಗೊಂಡು ಜೊತೆಗೆ ಕೂತ್ಕೊಳ್ಳಿ.