ರೇಲ್ವೆಗೆ ಹೋಗುವ ಭೂಮಿಯೂ ಒಕ್ಕಲಿಗರ ಜಾಗರೂಕತೆಯೂ

ಘಟಪ್ರಭಾ ತೀರದ ಘೋಡಗೇರಿ ಮೊದಲಾದ ಗ್ರಾಮಗಳವರಿಗೆ ರೇಲ್ವೆಯು ಹೊಸದಲ್ಲ. 19ನೆಯ ಶತಮಾನದ ಕೊನೆಗೆ ಸದರ್ನ್ ಮರಾಠಾ ರೇಲ್ವೆ ಕಂಪನಿಯು ಹಾಕಿದ ಸಣ್ಣ ಹಳಿಯು ಮುಂದೆ ದೊಡ್ಡ ಹಳಿಯಾಯಿತು. ಲೋಂಡಾ–ಮಿರಜ 186 ಕಿ.ಮೀ. ಮಾರ್ಗವನ್ನು ಜೋಡಿಮಾರ್ಗ ಮಾಡುವುದಕ್ಕೆ 2015-16ರಲ್ಲಿ ಮಂಜೂರಿ ದೊರೆಯಿತು. ಇದೇ ಜಿಲ್ಲೆಯಲ್ಲಿ ಬೆಳಗಾವಿ–ಕಿತ್ತೂರು–ಧಾರವಾಡ 73 ಕಿ.ಮೀ. ಹೊಸ ಮಾರ್ಗಕ್ಕೆ ಗರ್ಲಗುಂಜಿ, ನಂದಿಹಳ್ಳಿಗಳ ಒಕ್ಕಲಿಗರು, ಫಲವತ್ತಾದ ಭೂಮಿಯನ್ನು ಬಿಟ್ಟು ಬೇರೆ ಕಡೆಯಿಂದ ಹಳಿಯನ್ನು ಒಯ್ಯಬೇಕೆಂದು ಆಕ್ಷೇಪಿಸಿದರು. ರೇಲ್ವೆಯಿಂದ ಒಕ್ಕಲುತನಕ್ಕೆ ಲಾಭವುಂಟೆಂಬುದು ನಿಜವು. ಆದರೆ ಎಲ್ಲರ ಲಾಭಕ್ಕಾಗಿ ಒಬ್ಬನ ಹೊಲವು ಹೋಗುವಾಗ ಅವನಿಗೆ ಪೂರ್ಣ ಬೆಲೆಯು ಸಲ್ಲುವುದೇ ನ್ಯಾಯವು.

ಖಟ್ಲೆಗಳ ಬೀಜವು ಕೋರ್ಟಿನಲ್ಲಿಲ್ಲ, ಉತಾರದಲ್ಲಿದೆ. ಅಜ್ಜನು ತೀರಿ ಎಷ್ಟೋ ವರ್ಷಗಳಾದರೂ ವಾರಸಾ ಆಗಿರುವುದಿಲ್ಲ. ಅಣ್ಣತಮ್ಮಂದಿರ ವಾಟ್ನಿಯು ಬಾಯಿಮಾತಿನಲ್ಲಿಯೇ ಉಳಿದಿರುತ್ತದೆ. ಬಾವಿ ತೋಡಿ ಕಬ್ಬು ಬೆಳೆದ ಹೊಲವು ಕಾಗದದಲ್ಲಿ ಇನ್ನೂ ಜಿರಾಯತವಾಗಿರುತ್ತದೆ. ಹಕ್ಕಿನ ತಂಟೆಯಿದ್ದಲ್ಲಿ ಪರಿಹಾರದ ಹಣವು ಮನೆಗೆ ಬಾರದೆ ಠೇವಣಿಯಾಗುವುದು. ಹೊಲವೂ ಹೋಗಿ ಹಣವೂ ಬಾರದ ಸ್ಥಿತಿಯಿದು.

2014ರ ಜನವರಿ 1ರಿಂದ ಜಾರಿಯಾದ 2013ರ ಭೂಸ್ವಾಧೀನ ಕಾಯಿದೆಯಂತೆ ಭೂಮಿಯ ಬೆಲೆಗೆ ಬಾವಿ, ಗಿಡ, ಮನೆಗಳ ಬೆಲೆಯನ್ನು ಕೂಡಿಸಿ, ಅಷ್ಟೇ ಮೊತ್ತವನ್ನು ಸಾಂತ್ವನ ಧನವಾಗಿ ಕೊಡತಕ್ಕದ್ದು. ಹೊಲವು ಎರಡು ತುಂಡಾಗಿ ಉಳಿದ ಭಾಗಕ್ಕೆ ಆದ ನಷ್ಟವನ್ನೂ ಕೇಳಬಹುದು. ನಿಂತ ಪೈರಿನ ಬೆಲೆ ಕಟ್ಟಲು ಒಕ್ಕಲುತನದಲ್ಲಿ ಅನುಭವಿಗಳ ನೆರವನ್ನು ಪಡೆಯಲು ಅಧಿಕಾರಿಗೆ ಅವಕಾಶವಿದೆ. ಪೈರು ನಿಂತಿರುವಾಗಲೇ ಅದನ್ನು ಬೇಡುವುದು ಯೋಗ್ಯವು. ಅಳತೆಯ ದಿನ ಮಾಲಕನು ಹೊಲದಲ್ಲಿದ್ದು ಪ್ರತಿಯೊಂದು ಗಿಡವನ್ನೂ ಬರೆಯಿಸತಕ್ಕದ್ದು.

ನೋಟೀಸು ಯಾವ ಕಾಯಿದೆಯದೆಂಬುದನ್ನು ಮೊದಲು ನೋಡಬೇಕು. 2013ರ ಕಾಯಿದೆಯಂತೆ ಆಕ್ಷೇಪಣೆಗೆ 60 ದಿನ, ರೇಲ್ವೆ ಕಾಯಿದೆಯಂತೆ 30 ದಿನ. ರೇಲ್ವೆ ಕಾಯಿದೆಯಲ್ಲಿ ಬೆಲೆಯ ತಕರಾರು ಮಧ್ಯಸ್ಥನ ಮುಂದೆ ಹೋಗುವುದು. 2013ರ ಕಾಯಿದೆಯಲ್ಲಾದರೋ ತೀರ್ಪಿನ ವೇಳೆ ಹಾಜರಿದ್ದವನು 6 ವಾರಗಳೊಳಗೆ ಅರ್ಜಿ ಕೊಡತಕ್ಕದ್ದು. ಹಣವನ್ನು 'ತಕರಾರಿನೊಡನೆ' ಎಂದು ಬರೆದೇ ಸ್ವೀಕರಿಸಬೇಕು. ಹಾಗೆ ಬರೆಯದೆ ಸಹಿ ಮಾಡಿದವನಿಗೆ ಹೆಚ್ಚಿನ ಬೆಲೆ ಕೇಳುವ ದಾರಿಯು ಮುಚ್ಚುವುದು.

ಬಹು ಜನರು ಮರೆಯುವ ಸಂಗತಿಯೊಂದುಂಟು, ಅದು ನೀರು. ಎರೆಭೂಮಿಯಲ್ಲಿ ಹಳಿಯ ಏರಿಯು ಹಳ್ಳದ ಹರಿವನ್ನು ತಡೆದರೆ ಮೇಲಿನ ಹೊಲಗಳು ಜವಳಾಗಿ ಸವಳೇರುವವು. ಒಂದು ಗುಂಟೆಯನ್ನೂ ಕಳೆದುಕೊಳ್ಳದವನ ಪೈರೂ ಕೆಡುವುದು. ಮೊದಲಿನಂತೆ ನೀರು ಹರಿಯಲು ಸಾಕಾಗುವ ಮೋರಿಗಳನ್ನು ಕಟ್ಟುವ ಹೊಣೆಯನ್ನು 1989ರ ರೇಲ್ವೆ ಕಾಯಿದೆಯು ರೇಲ್ವೆಯವರ ಮೇಲೆಯೇ ಇರಿಸಿದೆ. ಮಳೆಗಾಲದ ನೀರಿನ ದಾರಿಯನ್ನು ಬಲ್ಲವರು ಊರಿನವರು. ಏರಿ ಏಳುವ ಮೊದಲೇ ಅವರು ಅದನ್ನು ಬರೆದು ತಿಳಿಸತಕ್ಕದ್ದು.

ಆದುದರಿಂದ ಊರ ಹಿರಿಯರು ನೋಟೀಸಿನ ದಾರಿ ಕಾಯದೆ, ಈಗಲೇ ವಾರಸಾ, ವಾಟ್ನಿ, ಬೆಳೆಯ ನೋಂದಣಿಗಳನ್ನು ಸರಿಪಡಿಸಿಕೊಳ್ಳುವಂತೆ ಒಕ್ಕಲಿಗರಿಗೆ ಹೇಳಬೇಕು. ಅಧಿಕಾರಿಗಳೂ ಕಾಗದವನ್ನಷ್ಟೇ ನೋಡದೆ ಹೊಲವನ್ನು ನೋಡಿ ಬೆಲೆ ಕಟ್ಟಬೇಕು. ಈ ಎರಡೂ ನಡೆದರೆ ವಕೀಲರಿಗೆ ಸಲ್ಲುವ ಹಣವು ಒಕ್ಕಲಿಗನ ಮನೆಯಲ್ಲಿಯೇ ಉಳಿದೀತು.