ದೇವರ ಪಿಚ್ಚರ್ ಅಂತೀರಲ್ಲ, ದೇವರಿಗೆ ಬಿಟ್ಟವರು ಯಾರನ್ನ?



ನೀಲಿಚಿತ್ರ ಇಲ್ಲದಿದ್ರೆ ವಿಡಿಯೋ ಕ್ಯಾಸೆಟ್ ಗೆಲ್ತಾನೇ ಇರಲಿಲ್ಲ ಅಂತ ಓದಿದವರು ಹೇಳೋದು ಕೇಳಿ ಕೇಳಿ ಸಾಕಾಗಿದೆ. ಸೋನಿ 1975ರಲ್ಲಿ ಬೀಟಾಮ್ಯಾಕ್ಸ್ ತಂದಿತು, ಜೆವಿಸಿ 1976ರಲ್ಲಿ ವಿಎಚ್‌ಎಸ್. ಮೊದಲನೇದರಲ್ಲಿ ಶುರುವಿಗೆ ಒಂದೇ ತಾಸು ರೆಕಾರ್ಡ್ ಆಗ್ತಿತ್ತು, ಎರಡನೇದರಲ್ಲಿ ಎರಡು ತಾಸು. ಜೆವಿಸಿ ಬೇರೆ ಕಂಪನಿಗಳಿಗೂ ತಯಾರಿಸಲು ಬಿಟ್ಟಿತು. ಗೆಲ್ಲೋಕೆ ಇಷ್ಟು ಸಾಕು. ಕ್ಯಾಸೆಟ್ಟು ನೀಲಿಚಿತ್ರಕ್ಕೆ ಏನು ಕೊಟ್ಟಿತು, ಅದನ್ನ ಕೇಳಿ. ಬಾಗಿಲು, ಚಿಲಕ ಕೊಟ್ಟಿತು. ಟಾಕೀಸಿಗೆ ಮುಖಕ್ಕೆ ಟವೆಲ್ ಸುತ್ತಿಕೊಂಡು ಹೋಗಬೇಕಿದ್ದವನು ಮನೆಯೊಳಗೇ ಕೂತ. ನೋಡುವವನ ಮರ್ಯಾದೆ ಉಳೀತು.

ಅವಳದು? ಅಮೆರಿಕದ 'ಡೀಪ್ ಥ್ರೋಟ್' 1972ರಲ್ಲಿ ಥಿಯೇಟರಿಗೆ ಅಂತ ಬಂದ ಚಿತ್ರ. ಅದರ ನಟಿ ಲಿಂಡಾ ಲವ್ಲೇಸ್ 1980ರ ತನ್ನ ಪುಸ್ತಕದಲ್ಲಿ, ಗಂಡ ಹೊಡೆದು ಬಡಿದು ಈ ಕೆಲಸಕ್ಕೆ ಹಚ್ಚಿದ ಅಂತ ಬರೆದಳು. ಆದರೂ ಕ್ಯಾಸೆಟ್ ಮಾರಾಟ ನಿಲ್ಲಲಿಲ್ಲ. ಅವಳು ಬೇಡ ಅಂದದ್ದನ್ನ ಟೇಪು ಒಪ್ಪಲಿಲ್ಲ.

ಈಗ ನಮ್ಮ ಕಡೆ ಬನ್ನಿ. 1982ರ ದೆಹಲಿ ಏಷ್ಯಾಡ್ ಹೊತ್ತಿಗೆ ಕಲರ್ ಟಿವಿ ಬಂತು, ಹಿಂದೆಯೇ ವಿಸಿಆರ್, ವಿಸಿಪಿ. ನಾನು ಸಣ್ಣಾವಿದ್ದಾಗ ಚಿಗಟೇರಿ ಕಡೆ ಗಣೇಶನ ಹಬ್ಬಕ್ಕೆ ವಿಡಿಯೋ ಸೆಟ್ಟು ಬಾಡಿಗೆಗೆ ತರ್ತಿದ್ರು. ರಾಜಕುಮಾರ್ ಪಿಚ್ಚರ್ ಮುಗಿದ ಮೇಲೆ ಹೆಣ್ಮಕ್ಕಳನ್ನ, ಹುಡುಗರನ್ನ ಮನೆಗೆ ಅಟ್ಟಿ, ಸೆಟ್ಟು ಊರೊಳಗಿನ ಯಾವುದೋ ಕೋಣೆ ಸೇರ್ತಿತ್ತು. ಕೇಳಿದ್ರೆ 'ದೇವರ ಪಿಚ್ಚರ್' ಅಂತ ನಗೋರು. ಟಿವಿ ಹೊತ್ತುಕೊಂಡು ಹೋಗೋರು ನಮ್ಮ ಕೇರಿ ಹುಡುಗರು. ಅವರಿಗೆ ಹೊಸ್ತಿಲ ತನಕ ಮಾತ್ರ ದಾರಿ. ಒಂದ್ಸಲ ಪೊಲೀಸರು ಬಂದಾಗ ಲಾಠಿ ಏಟು ಬಿದ್ದದ್ದು ಹೊತ್ತವರ ಬೆನ್ನಿಗೆ. ನೋಡಿದವರು ಬೆಳಿಗ್ಗೆ ಕಟ್ಟೆ ಮೇಲೆ ಕೂತು ನ್ಯಾಯ ಹೇಳ್ತಿದ್ರು.

'ದೇವರ' ಅನ್ನೋ ಈ ಮಾತು ಬಿಡಿ ಅಂತೀನಿ. ಯಾಕಂದ್ರೆ ನಮ್ಮ ತಾಲ್ಲೂಕುಗಳಲ್ಲಿ ದೇವರ ಹೆಸರಲ್ಲೇ ಮುತ್ತು ಕಟ್ಟಿ ಬಸವಿ ಬಿಟ್ಟರು. ಬಿಟ್ಟದ್ದು ಯಾರ ಮನೆ ಹೆಣ್ಣುಮಗಳನ್ನ? ಮಾದಿಗರ, ಹೊಲೆಯರ ಮನೆಯವಳನ್ನ. ಬಳ್ಳಾರಿ ಜಿಲ್ಲೆ ಮದ್ರಾಸಿನಲ್ಲಿದ್ದಾಗ 1947ರಲ್ಲೇ ನಿಷೇಧದ ಕಾನೂನು ಬಂದಿತ್ತು. 1982ರಲ್ಲಿ ಕರ್ನಾಟಕ ಮತ್ತೊಂದು ಮಾಡಿತು. ಆಮೇಲೂ 1993-94 ಮತ್ತು 2007-08ರ ಸಮೀಕ್ಷೆಗಳಲ್ಲಿ ಸಿಕ್ಕ ಲೆಕ್ಕ 46,660 ತಾಯಂದಿರು. ಇಷ್ಟು ಜನರನ್ನ ಬಳಸಿಕೊಂಡವರ ಲೆಕ್ಕ ಯಾವ ಸಮೀಕ್ಷೆಯಲ್ಲಿದೆ? ಕ್ಯಾಸೆಟ್ಟಿನದೂ ಇದೇ ಕತೆ. ಕಾಣೋದು ಹೆಣ್ಣಿನ ಮುಖ, ಗಂಡಸು ಕತ್ತಲಲ್ಲಿ.

2012ರ ಫೆಬ್ರವರಿ ನೆನಪಿದೆಯಾ? ವಿಧಾನಸಭೆಯೊಳಗೆ ಮೊಬೈಲಿನಲ್ಲಿ ಅಂಥದ್ದು ನೋಡಿದ ಆರೋಪಕ್ಕೆ ಮೂವರು ಮಂತ್ರಿಗಳು ರಾಜೀನಾಮೆ ಕೊಟ್ಟರು. ಒಬ್ಬರ ಖಾತೆ ಮಹಿಳಾ ಮತ್ತು ಮಕ್ಕಳ ಅಭಿವೃದ್ಧಿ. 2019ರಲ್ಲಿ ಅವರಲ್ಲಿ ಇನ್ನೊಬ್ಬರು ಉಪಮುಖ್ಯಮಂತ್ರಿ. ಅವರಿಗೆ ಮರ್ಯಾದೆ ವಾಪಸ್ ಬರುತ್ತೆ. ವಿಡಿಯೋ ಹರಿದಾಡಿದ ಹುಡುಗಿಗೆ ಕಾಲೇಜು ಬಿಡಿಸಿ, ಸಿಕ್ಕವನಿಗೆ ಕಟ್ಟಿ ಕಳಿಸ್ತೀರಿ.

ಅಣ್ಣಂದಿರೇ, ಅಕ್ಕಂದಿರೇ, ಇದಕ್ಕೇ ಇಷ್ಟು ಬರೆದೆ. ಈಗ ಕ್ಯಾಸೆಟ್ ಇಲ್ಲ, ಎಲ್ಲರ ಜೇಬಿನಲ್ಲೂ ಕ್ಯಾಮೆರಾ ಇದೆ. ಅವಳನ್ನ ಕೇಳದೆ ವಿಡಿಯೋ ಮಾಡಿ ಹಂಚಿದ ಪ್ರಕರಣ ಕೇರಿಗೆ ಬಂದರೆ ಕಟ್ಟೆ ಮೇಲೆ ರಾಜಿಗೆ ಕೂರಬೇಡಿ, ಹುಡುಗೀರ ಫೋನ್ ಕಸಿಯಬೇಡಿ. ಐಟಿ ಕಾಯ್ದೆಯಲ್ಲಿ 66ಇ ಇದೆ, 67ಎ ಇದೆ. ಮಾಡಿದವನು ಪರಿಶಿಷ್ಟರಲ್ಲದಿದ್ರೆ ಅಟ್ರಾಸಿಟಿ ಕಾಯ್ದೆಯೂ ಇದೆ. ಠಾಣೆಗೆ ಅವಳ ಜೊತೆ ಹತ್ತು ಜನ ಹೋಗಿ. ದೂರಿನ ಸ್ವೀಕೃತಿ ಕೈಗೆ ಬರೋ ತನಕ ಎದ್ದು ಬರಬೇಡಿ. ತಲೆ ತಗ್ಗಿಸಬೇಕಾದವನು ನೋಡಿ, ಹಂಚಿ, ನಕ್ಕವನು.