ಪರೀಕ್ಷೆಯ ಫಲಿತಾಂಶ ಮತ್ತು ಕೋರ್ಟಿನ ಕಟ್ಟೆ



ಅಡಿಕೆ ಧಾರಣೆ, ಕಾಫಿ ಬೆಲೆಗಳ ನಡುವೆ ಸರ್ಕಾರಿ ನೌಕರಿ ಪರೀಕ್ಷೆಯ ವಿಚಾರವೇಕೆ ಎಂದು ಕೆಲವರು ಕೇಳಬಹುದು. ಹಿಸ್ಸೆಯಾಗಿ ಒಂದೆರಡು ಎಕರೆಗೆ ಇಳಿದ ತೋಟದ ಮನೆಗಳಲ್ಲಿ ಒಬ್ಬ ಮಗನೋ ಮಗಳೋ ಲೋಕಸೇವಾ ಆಯೋಗದ ಪರೀಕ್ಷೆಗೆ ಓದುತ್ತಿರುವುದು ನಮಗೆಲ್ಲ ಗೊತ್ತಿರುವ ಸಂಗತಿ. ಅವರ ಕೋಚಿಂಗಿಗೂ ಬಾಡಿಗೆ ಕೋಣೆಗೂ ಹಣ ಹೋಗುವುದು ನಮ್ಮ ಕೊಯ್ಲಿನಿಂದಲೇ. ಆದ್ದರಿಂದ ಇದು ನಮ್ಮ ಮನೆಯ ವಿಚಾರ.

2011ರ ತಂಡದ ಗೆಜೆಟೆಡ್ ಪ್ರೊಬೇಷನರಿ ಹುದ್ದೆಗಳ ಕಥೆಯನ್ನು ನೆನಪಿಸಿಕೊಳ್ಳೋಣ. ಹುದ್ದೆಗಳು 362. ಭ್ರಷ್ಟಾಚಾರದ ಆರೋಪ ಬಂದು ಸಿಐಡಿ ತನಿಖೆಯಾಯಿತು; 2014ರ ಆಗಸ್ಟ್‌ನಲ್ಲಿ ಸರ್ಕಾರ ಆಯ್ಕೆಯನ್ನು ತಳ್ಳಿಹಾಕಿತು. ಆಯ್ಕೆಯಾದವರು ಕರ್ನಾಟಕ ಆಡಳಿತ ನ್ಯಾಯಮಂಡಳಿಗೆ ಹೋದರು. 2016ರಲ್ಲಿ ಮಂಡಳಿ ಅವರ ಪರವಾಗಿ ತೀರ್ಪಿತ್ತಿತು. 2018ರ ಮಾರ್ಚ್‌ನಲ್ಲಿ ಹೈಕೋರ್ಟು ಅದನ್ನು ರದ್ದುಮಾಡಿತು. ಮುಂದಿನ ತಿಂಗಳು ಸುಪ್ರೀಂ ಕೋರ್ಟು ಮೇಲ್ಮನವಿಗೆ ಅವಕಾಶ ಕೊಡಲಿಲ್ಲ. ಕೊನೆಗೆ 2022ರಲ್ಲಿ ವಿಧಾನಮಂಡಲ ಪ್ರತ್ಯೇಕ ಕಾಯಿದೆ ಮಾಡಿ ಅದೇ ಆಯ್ಕೆಯನ್ನು ಸಿಂಧುಗೊಳಿಸಿತು. 2011ರಲ್ಲಿ ನೆಟ್ಟ ಅಡಿಕೆ ಸಸಿ ಅಷ್ಟರಲ್ಲಿ ನಾಲ್ಕಾರು ಫಸಲು ಕೊಟ್ಟಿರುತ್ತದೆ. ಆ ಯುವಕರ ಹನ್ನೊಂದು ವರ್ಷಕ್ಕೆ ಲೆಕ್ಕ ಕೊಡುವವರು ಯಾರು?

ಇದನ್ನು ಕಂಡು, "ಫಲಿತಾಂಶದ ಮೇಲೆ ಕೋರ್ಟಿಗೆ ಹೋಗುವುದನ್ನೇ ನಿಲ್ಲಿಸಬೇಕು" ಎನ್ನುವವರಿದ್ದಾರೆ. ನಾವು ಇದನ್ನು ಒಪ್ಪುವುದಿಲ್ಲ. 2021ರ ಅಕ್ಟೋಬರ್‌ನಲ್ಲಿ 545 ಪೊಲೀಸ್ ಸಬ್ ಇನ್‌ಸ್ಪೆಕ್ಟರ್ ಹುದ್ದೆಗಳಿಗೆ ನಡೆದ ಪರೀಕ್ಷೆಯ ಅಕ್ರಮ ಹೊರಬಿದ್ದದ್ದು ಯಾರೋ ಪ್ರಶ್ನಿಸಿದ್ದರಿಂದಲೇ. ಸರ್ಕಾರ ಅದನ್ನು 2022ರಲ್ಲಿ ರದ್ದುಮಾಡಿತು. 2023ರ ನವೆಂಬರ್‌ನಲ್ಲಿ ಹೈಕೋರ್ಟು ಆ ಕ್ರಮವನ್ನು ಎತ್ತಿಹಿಡಿಯಿತು; 2024ರ ಜನವರಿಯಲ್ಲಿ ಮರುಪರೀಕ್ಷೆ ನಡೆಯಿತು. ಆದರೆ ಪ್ರಾಮಾಣಿಕವಾಗಿ ಬರೆದು ಆಯ್ಕೆಯಾಗಿದ್ದವರೂ ಮತ್ತೆ ಪುಸ್ತಕ ಹಿಡಿಯಬೇಕಾಯಿತು ಎಂಬುದನ್ನು ಮರೆಯಲಾಗದು.

ಕಳಂಕಿತರನ್ನು ಬೇರ್ಪಡಿಸಲು ಸಾಧ್ಯವಿದ್ದರೆ ಉಳಿದವರನ್ನು ಉಳಿಸಬೇಕು, ಸಾಧ್ಯವಿಲ್ಲದಿದ್ದರೆ ಇಡೀ ಆಯ್ಕೆ ಹೋಗಬೇಕು ಎಂಬುದು ನ್ಯಾಯಾಲಯಗಳ ನಿಲುವು. ಅಡಿಕೆ ಬೆಳೆಗಾರನಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ರಾಶಿ, ಬೆಟ್ಟೆ, ಗೊರಬಲು ಬೇರೆ ಬೇರೆ ಚೀಲದಲ್ಲಿದ್ದರೆ ಪ್ರತಿಯೊಂದಕ್ಕೂ ಅದರದರ ಧಾರಣೆ ಸಿಗುತ್ತದೆ. ಎಲ್ಲ ಒಂದೇ ಚೀಲಕ್ಕೆ ಸುರಿದರೆ ಒಳ್ಳೆಯ ಮಾಲೂ ಕೆಡುತ್ತದೆ. ಪರೀಕ್ಷೆಯಲ್ಲಿ ಬೇರ್ಪಡಿಸುವ ಸಾಧನವೆಂದರೆ ದಾಖಲೆ. ದಾಖಲೆ ಸರಿಯಿಲ್ಲದ ಕಡೆ ನಿರಪರಾಧಿಯನ್ನು ನ್ಯಾಯಾಧೀಶರೂ ಕಾಪಾಡಲಾರರು.

ಆದುದರಿಂದ ನಮ್ಮ ಬೇಡಿಕೆ ಮೂರು. ಒಂದು, ಲಿಖಿತ ಮತ್ತು ಸಂದರ್ಶನದ ಅಂಕಗಳನ್ನು ಬೇರೆ ಬೇರೆಯಾಗಿ, ಆಯ್ಕೆಯಾಗದವರದ್ದೂ ಸೇರಿಸಿ ಪ್ರಕಟಿಸಬೇಕು; ಮೂಲ ಉತ್ತರ ಪತ್ರಿಕೆಗಳನ್ನು ವ್ಯಾಜ್ಯ ಮುಗಿಯುವವರೆಗೆ ಭದ್ರವಾಗಿಡಬೇಕು. ಎರಡು, ಪ್ರಶ್ನೆಗಳನ್ನು ಕನ್ನಡ ಬಲ್ಲವರು ಕನ್ನಡದಲ್ಲಿಯೇ ರಚಿಸಬೇಕು. 384 ಹುದ್ದೆಗಳಿಗೆ 2024ರ ಆಗಸ್ಟ್‌ನಲ್ಲಿ ನಡೆದ ಪೂರ್ವಭಾವಿ ಪರೀಕ್ಷೆಯಲ್ಲಿ ಕನ್ನಡ ಅನುವಾದ ಕೆಟ್ಟಿತ್ತೆಂದು ಡಿಸೆಂಬರ್‌ನಲ್ಲಿ ಮತ್ತೆ ಪರೀಕ್ಷೆ ನಡೆಸಿದರು. ಅದರಲ್ಲಿಯೂ ತಪ್ಪುಗಳೆಂಬ ದೂರು ಬಂದಿತು. ಹಳ್ಳಿಯ ಶಾಲೆಯಲ್ಲಿ ಕಲಿತ ಮಗುವಿಗೆ ಇದರಿಂದಾಗುವ ನಷ್ಟ ದೊಡ್ಡದು. ಮೂರು, 1986ರಲ್ಲಿ ಆಡಳಿತ ನ್ಯಾಯಮಂಡಳಿ ಸ್ಥಾಪನೆಯಾದದ್ದೇ ನೌಕರಿ ವ್ಯಾಜ್ಯಗಳು ಬೇಗ ಇತ್ಯರ್ಥವಾಗಲೆಂದು. ನೇಮಕಾತಿ ವ್ಯಾಜ್ಯಗಳನ್ನು ಒಂದು ವರ್ಷದೊಳಗೆ ತೀರ್ಮಾನಿಸುವಷ್ಟು ಸದಸ್ಯರನ್ನೂ ಸಿಬ್ಬಂದಿಯನ್ನೂ ಸರ್ಕಾರ ಅದಕ್ಕೆ ಒದಗಿಸಬೇಕು.

ಮಕ್ಕಳಿಗೂ ಒಂದು ಮಾತು. ದುಡ್ಡು ಕೊಟ್ಟರೆ ಹುದ್ದೆ ಎಂದು ಬರುವ ದಲ್ಲಾಳಿಯನ್ನು ಅಂಗಳದಿಂದಲೇ ಹಿಂದಕ್ಕೆ ಕಳುಹಿಸಿರಿ. ತೋಟ ಅಡವಿಟ್ಟು ಅವನಿಗೆ ಕೊಡುವ ಹಣ ಮತ್ತೊಂದು ಮನೆಯ ಮಗುವಿನ ವರ್ಷಗಳನ್ನು ನುಂಗುತ್ತದೆ. ಈ ಬೇಡಿಕೆಗಳನ್ನು ಮುಂಬರುವ ಸರ್ವಸದಸ್ಯರ ಸಭೆಯಲ್ಲಿ ಠರಾವಿನ ರೂಪದಲ್ಲಿ ಮಂಡಿಸಿ ನಮ್ಮ ಶಾಸಕರಿಗೆ ಕಳುಹಿಸಬೇಕೆಂಬುದು ನಮ್ಮ ಅಭಿಪ್ರಾಯ. ಸದಸ್ಯರು ತಪ್ಪದೆ ಹಾಜರಾಗಿ ತಮ್ಮ ಅಭಿಪ್ರಾಯ ತಿಳಿಸಬೇಕಾಗಿ ವಿನಂತಿ.